252 ಚುಕ್ಕಿ, 184 ಸಾಲು

ನಾನು ಕೆಲಸ ಸರಿಯಾಗಿ ಮಾಡಿದರೆ ಅದು ಯಾರಿಗೂ ಕಾಣುವುದಿಲ್ಲ. ಬೆಂಗಳೂರಿನ ಒಂದು ಸ್ಟುಡಿಯೋದಲ್ಲಿ 11 ವರ್ಷದಿಂದ ರೋಟೋ ಮಾಡುತ್ತಿದ್ದೇನೆ. ಹಾಗಂದರೇನು ಅಂತ ಕೇಳುವವರಿಗೆ ಹೀಗೆ ಹೇಳುತ್ತೇನೆ. ಹೀರೋ ಎಲ್ಲೋ ಒಂದು ಖಾಲಿ ಜಾಗದಲ್ಲಿ ನಿಂತು ಫೈಟ್ ಮಾಡಿರುತ್ತಾನೆ. ಆಮೇಲೆ ನಿರ್ದೇಶಕರಿಗೆ ಅವನ ಹಿಂದೆ ಉರಿಯುವ ಊರು ಬೇಕು ಅನ್ನಿಸುತ್ತದೆ. ಊರು ಹಾಕುವ ಮೊದಲು ಹೀರೋನನ್ನು ಆ ಚಿತ್ರದಿಂದ ಬಿಡಿಸಿ ತೆಗೆಯಬೇಕು. ಅವನ ಮೈಸುತ್ತ ಗೆರೆ ಎಳೆಯಬೇಕು. ಸೆಕೆಂಡಿಗೆ 24 ಫ್ರೇಮ್. 5 ಸೆಕೆಂಡಿನ ಶಾಟ್ ಅಂದರೆ 120 ಫ್ರೇಮ್. ಅವನ ಕೂದಲು ಗಾಳಿಗೆ ಹಾರಿತೋ, ಆ ವಾರ ಮುಗಿದ ಹಾಗೆ.

‘ಎಡ್ಜ್ ಕಾಣ್ತಿದೆ’ ಅನ್ನುವುದು ನಮ್ಮ ಕಡೆ ಬೈಗುಳ. ನಮ್ಮ ತಂಡದ ಮುಖ್ಯಸ್ಥರು, ಅಂದರೆ ಲೀಡ್, ನಮ್ಮ ಹಿಂದೆ ಬಂದು ನಿಂತು, ಪರದೆಗೆ ಬೆರಳು ಹಿಡಿದು, ಅಷ್ಟು ಹೇಳಿ ಹೋಗುತ್ತಾರೆ. ಆ ಶಾಟ್ ವಾಪಸ್. ಎರಡು ಬೇರೆ ಬೇರೆ ಚಿತ್ರ ಕೂಡುವ ಜಾಗ ನೋಡುವವರಿಗೆ ಗೊತ್ತಾಗಬಾರದು. ನನ್ನ ಕಸುಬಿಗೆ ಇರುವುದು ಇದೊಂದೇ ನಿಯಮ.

ಅಂಥವಳು ಒಂದು ರಾತ್ರಿ, ಶಿಫ್ಟ್ ಮುಗಿಸಿ ಕ್ಯಾಬ್‌ನಲ್ಲಿ ಕೂತು, ಫೋನಿನಲ್ಲಿ ಅಮೆರಿಕದ ಕಲಾವಿದೆ ಲಿಲಿಯನ್ ಶ್ವಾರ್ಟ್ಸ್ ಅವರ ‘ಪಿಕ್ಸಿಲೇಷನ್’ ನೋಡಿದೆ. 1970ರ ಚಿತ್ರ. ಬರೀ 4 ನಿಮಿಷ. ಕಥೆ ಇಲ್ಲ, ಮನುಷ್ಯರಿಲ್ಲ. ಗರ್ಶನ್ ಕಿಂಗ್ಸ್‌ಲಿ ‘ಮೂಗ್ ಸಿಂಥಸೈಜರ್’ ಅನ್ನುವ ಎಲೆಕ್ಟ್ರಾನಿಕ್ ವಾದ್ಯದಲ್ಲಿ ಮಾಡಿದ ಸಂಗೀತ ಗುಯ್‌ಗುಡುತ್ತಾ ಓಡುತ್ತದೆ. ಅದರ ಜೊತೆ ಕಂಪ್ಯೂಟರ್ ಹಾಕಿದ ಚೌಕಗಳು ಪಟಪಟ ಅಂತ ಹುಟ್ಟಿ ಸಾಯುತ್ತವೆ. ಇದ್ದಕ್ಕಿದ್ದ ಹಾಗೆ ಚೌಕ ಹೋಗಿ ಕೈಯಲ್ಲಿ ಬಳಿದ ಬಣ್ಣ ಬರುತ್ತದೆ, ಹರಡುತ್ತದೆ. ಆಮೇಲೆ ಹರಳುಗಳು ಬೆಳೆಯುತ್ತವೆ, ಸೂಕ್ಷ್ಮದರ್ಶಕದಲ್ಲಿ ಹಿಡಿದ ನಿಜವಾದ ಹರಳುಗಳು. ಮತ್ತೆ ಚೌಕ. ಮಷೀನು ಮಾಡಿದ್ದು ಯಾವುದು, ಕೈಯಲ್ಲಿ ಮಾಡಿದ್ದು ಯಾವುದು ಅಂತ ಹೇಳುವುದು ಕಷ್ಟವೇನಲ್ಲ. ಎಲ್ಲ ಹೊಲಿಗೆಯೂ ಕಾಣುತ್ತದೆ. ಅದನ್ನು ಮುಚ್ಚಿಡುವ ಆಸೆಯೇ ಅವರಿಗೆ ಇದ್ದಂತಿಲ್ಲ.

ನಮ್ಮ ಲೀಡ್ ನೋಡಿದ್ದರೆ ಅಷ್ಟನ್ನೂ ವಾಪಸ್ ಕಳಿಸುತ್ತಿದ್ದರು. ನಾನು ಮನೆ ಮುಟ್ಟುವ ಹೊತ್ತಿಗೆ 3 ಸಲ ನೋಡಿದ್ದೆ.

ಅಲ್ಲಿಂದ ಅವರ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದುತ್ತಾ ಹೋದೆ. ಲಿಲಿಯನ್ ಹುಟ್ಟಿದ್ದು 1927ರಲ್ಲಿ, ಅಮೆರಿಕದ ಸಿನ್ಸಿನಾಟಿಯಲ್ಲಿ. ದೊಡ್ಡ ಕುಟುಂಬ, ಕೈಯಲ್ಲಿ ಕಾಸಿಲ್ಲ. ಬುದ್ಧಿ ತಿಳಿಯುವ ಹೊತ್ತಿಗೆ ಆ ದೇಶದ ಮಹಾ ಆರ್ಥಿಕ ಕುಸಿತ. ಹುಡುಗಿ ಚಿತ್ರ ಬಿಡಿಸುತ್ತಿದ್ದುದು ಪುಕ್ಕಟೆ ಸಿಗುವ ವಸ್ತುಗಳಲ್ಲಿ. ಸ್ಲೇಟು, ಕೆಸರು, ಕಡ್ಡಿ, ಸೀಮೆಸುಣ್ಣ. ಮುಂದೆ ಅವರ ಕೈಗೆ ಲೇಸರ್ ಬಂತು, ಐಬಿಎಂ ಕಂಪ್ಯೂಟರ್ ಬಂತು. ಅದನ್ನೂ ಅವರು ಕೆಸರು, ಕಡ್ಡಿ ಇದ್ದ ಹಾಗೆಯೇ ಎತ್ತಿಕೊಂಡರು ಅಂತ ನನಗೆ ಅನ್ನಿಸುತ್ತದೆ. ಹತ್ತಿರ ಏನಿದೆಯೋ ಅದು.

ಓದಿದ್ದು ನರ್ಸಿಂಗ್. ಎರಡನೇ ಮಹಾಯುದ್ಧದ ಕಾಲದಲ್ಲಿ ಸರ್ಕಾರವೇ ಖರ್ಚು ಹಾಕಿ ನರ್ಸ್‌ಗಳನ್ನು ತಯಾರು ಮಾಡುತ್ತಿತ್ತು. ಮದುವೆಯಾಗಿದ್ದು ಡಾಕ್ಟರನ್ನು. ಯುದ್ಧ ಮುಗಿದ ಮೇಲೆ ಗಂಡನ ಜೊತೆ ಜಪಾನಿಗೆ ಹೋದರು. ಅಲ್ಲಿ ಪೋಲಿಯೋ ಬಂತು. ಕೆಲವು ಕಾಲ ಮೈಯೇ ಏಳಲಿಲ್ಲ. ಚೇತರಿಸಿಕೊಳ್ಳುವಾಗ ಕೈ ಪಳಗಲಿ ಅಂತ ಜಪಾನೀ ಕುಂಚದ ಬರಹ ಕಲಿತರು. ಕುಂಚ ಎತ್ತುವ ಮೊದಲು ಗೆರೆ ಪೂರ್ತಿ ಮನಸ್ಸಿನಲ್ಲಿ ಎಳೆದಾಗಿರಬೇಕು ಅನ್ನುವುದು ಅಲ್ಲಿ ಸಿಕ್ಕ ಪಾಠ. ಈ ಪಾಠ ಅವರಿಗೆ 20 ವರ್ಷ ಬಿಟ್ಟು, ತೀರಾ ಬೇರೆ ಜಾಗದಲ್ಲಿ ಕೆಲಸಕ್ಕೆ ಬಂತು.

1968ರ ಕೊನೆಯಲ್ಲಿ ನ್ಯೂಯಾರ್ಕಿನ ಮ್ಯೂಸಿಯಂ ಆಫ್ ಮಾಡರ್ನ್ ಆರ್ಟ್‌ನಲ್ಲಿ ಯಂತ್ರ ಮತ್ತು ಕಲೆಯ ಬಗ್ಗೆ ಒಂದು ದೊಡ್ಡ ಪ್ರದರ್ಶನ ನಡೆಯಿತು. ಲಿಲಿಯನ್ ಅದರಲ್ಲಿ ‘ಪ್ರಾಕ್ಸಿಮಾ ಸೆಂಟೌರಿ’ ಅನ್ನುವ ಒಂದು ಯಂತ್ರಶಿಲ್ಪ ಇಟ್ಟಿದ್ದರು. ಕಪ್ಪು ಪೆಟ್ಟಿಗೆ, ಮೇಲೆ ಹೊಳೆಯುವ ಗೋಳ. ಹತ್ತಿರ ಹೋಗಿ ನಿಂತರೆ ಕಾಲಡಿಯ ಚಾಪೆಗೆ ಅದು ಗೊತ್ತಾಗುತ್ತದೆ, ಗೋಳ ನಾಚಿಕೊಂಡಂತೆ ಪೆಟ್ಟಿಗೆಯೊಳಗೆ ಇಳಿಯುತ್ತದೆ. ಬಗ್ಗಿ ನೋಡಿದರೆ ಒಳಗೆ ಚಿತ್ರಗಳು ಓಡುತ್ತಿರುತ್ತವೆ. ಅದೇ ಪ್ರದರ್ಶನದಲ್ಲಿ ಬೆಲ್ ಲ್ಯಾಬ್ಸ್ ಅನ್ನುವ ಸಂಶೋಧನಾ ಸಂಸ್ಥೆಯ ಲಿಯಾನ್ ಹಾರ್ಮನ್ ಅವರ ಕೆಲಸವೂ ಇತ್ತು. ಸಹೋದ್ಯೋಗಿ ಕೆನ್ ನೋಲ್ಟನ್ ಜೊತೆ ಸೇರಿ ಅವರು ಒಂದು ಫೋಟೋವನ್ನು ಪುಟ್ಟ ಪುಟ್ಟ ಚಿಹ್ನೆಗಳಲ್ಲಿ ಕಂಪ್ಯೂಟರ್‌ನಿಂದ ಮೂಡಿಸಿದ್ದರು. ಹತ್ತಿರದಿಂದ ನೋಡಿದರೆ ಬರೀ ಗುರುತುಗಳು. ದೂರ ಸರಿದರೆ ಮಲಗಿದ ಹೆಂಗಸು. ಲಿಲಿಯನ್, ಹಾರ್ಮನ್ ಇಬ್ಬರಿಗೂ ಪರಿಚಯವಾಯಿತು. ಹಾರ್ಮನ್, ಲಿಲಿಯನ್ ಅವರನ್ನು ನ್ಯೂಜೆರ್ಸಿಯ ಮರ್ರೇ ಹಿಲ್‌ಗೆ, ತಮ್ಮ ಲ್ಯಾಬ್‌ಗೆ ಕರೆದರು.

ಬೆಲ್ ಲ್ಯಾಬ್ಸ್ ಹೆಸರು ನಮ್ಮ ಊರಿನ ಎಂಜಿನಿಯರ್‌ಗಳಿಗೆ ಹೇಳಬೇಕಾಗಿಲ್ಲ. 1947ರಲ್ಲಿ ಟ್ರಾನ್ಸಿಸ್ಟರ್ ಬಂದದ್ದು ಅಲ್ಲಿಂದ. 1969ರಲ್ಲಿ ಯೂನಿಕ್ಸ್ ಅನ್ನುವ ಆಪರೇಟಿಂಗ್ ಸಿಸ್ಟಮ್ ಶುರುವಾದದ್ದೂ ಅಲ್ಲಿಯೇ. ಆದರೆ ಅದು ಇದ್ದದ್ದು ಟೆಲಿಫೋನ್ ಕಂಪನಿಯ ಕೈಯಲ್ಲಿ. ದೇಶದ ಹೆಚ್ಚಿನ ಭಾಗಕ್ಕೆ ಒಂದೇ ಕಂಪನಿ, ಅದರ ಮೇಲೆ ಸರ್ಕಾರದ ಕಣ್ಣು. ಜನ ಕಟ್ಟಿದ ಫೋನ್ ಬಿಲ್ಲಿನ ದುಡ್ಡಲ್ಲಿ ಯಾರೋ ಚಿತ್ರ ಬಿಡಿಸುತ್ತಿದ್ದಾರೆ ಅಂತ ಹೊರಗೆ ಗೊತ್ತಾದರೆ? ಹಾಗಾಗಿ ಕಲೆಯ ವಿಷಯ ಅಲ್ಲಿ ಸ್ವಲ್ಪ ಗುಟ್ಟಾಗಿಯೇ ನಡೆಯುತ್ತಿತ್ತು. ಲಿಲಿಯನ್‌ಗೆ ಸಿಕ್ಕ ಪದವಿ ‘ರೆಸಿಡೆಂಟ್ ವಿಸಿಟರ್’. ಇರುವವರೂ ಹೌದು, ಬಂದುಹೋಗುವವರೂ ಹೌದು. ಬಹಳ ಕಾಲ ಸಂಬಳವೂ ಇಲ್ಲ. ನೆಂಟರು ಮೂರು ದಿನ ಇದ್ದರೆ ಚಂದ ಅಂತಾರೆ ನಮ್ಮಲ್ಲಿ. ಈ ನೆಂಟರು 30 ವರ್ಷಕ್ಕಿಂತ ಜಾಸ್ತಿ ಇದ್ದರು.

ಇನ್ನು ಆಗ ಕಂಪ್ಯೂಟರ್‌ನಲ್ಲಿ ಸಿನಿಮಾ ಹೇಗೆ ಮಾಡುತ್ತಿದ್ದರು ಅನ್ನುವುದನ್ನು ಹೇಳಲೇಬೇಕು. ನನಗೆ ಈ ಕಥೆಯಲ್ಲಿ ತುಂಬಾ ಇಷ್ಟದ ಭಾಗ ಇದು.

ಕೆನ್ ನೋಲ್ಟನ್ 1963ರಲ್ಲಿ ಬೆಫ್ಲಿಕ್ಸ್ ಅನ್ನುವ ಒಂದು ಭಾಷೆ ಬರೆದಿದ್ದರು. ಕಂಪ್ಯೂಟರ್‌ನಿಂದ ಅನಿಮೇಷನ್ ಮಾಡಿಸಲು ಅಂತಲೇ ಬರೆದ ಭಾಷೆ. ಅದರಲ್ಲಿ ಒಂದು ಚಿತ್ರ ಅಂದರೆ ಅಡ್ಡ 252, ಉದ್ದ 184 ಚೌಕಗಳ ಒಂದು ಜಾಲ. ಒಟ್ಟು 46,368 ಚೌಕ. ಒಂದೊಂದು ಚೌಕಕ್ಕೂ ಕಪ್ಪಿನಿಂದ ಬಿಳಿಯವರೆಗಿನ 8 ಛಾಯೆಗಳಲ್ಲಿ ಒಂದನ್ನು ಕೊಡಬಹುದು. ನಮ್ಮಮ್ಮ ಕೇಳಿದ್ದರೆ ‘ಚುಕ್ಕಿ ರಂಗೋಲಿ ಅನ್ನು’ ಅನ್ನುತ್ತಿದ್ದರು. ನಿಜ, ಅದೇ. ರಂಗೋಲಿ ಪುಸ್ತಕದಲ್ಲಿ ‘15 ಚುಕ್ಕಿ, 8 ಸಾಲು’ ಅಂತ ತಲೆಬರಹದ ಕೆಳಗೆ ಬರೆದಿರುತ್ತಾರಲ್ಲ, ಆ ಲೆಕ್ಕ. ಎಲ್ಲಿಂದ ಎಲ್ಲಿಗೆ ಗೆರೆ ಹೋಗಬೇಕು ಅಂತ ಮೊದಲೇ ಗೊತ್ತಿದ್ದರೆ ಚುಕ್ಕಿ ಇಡಬಹುದು.

ಪ್ರೋಗ್ರಾಮನ್ನು ತೂತು ಕೊರೆದ ಕಾರ್ಡುಗಳಲ್ಲಿ ಬರೆಯಬೇಕು. ಕಾರ್ಡಿನ ಕಟ್ಟು ಕಂಪ್ಯೂಟರಿಗೆ ಹೋಗುತ್ತದೆ. ಅದು ಲೆಕ್ಕ ಹಾಕಿ ಟೇಪಿನಲ್ಲಿ ಬರೆಯುತ್ತದೆ. ಟೇಪು ಇನ್ನೊಂದು ಯಂತ್ರಕ್ಕೆ ಹೋಗುತ್ತದೆ, ಅದರೊಳಗೆ ಟೀವಿಯಂಥದ್ದೊಂದು ಕೊಳವೆ, ಅದರ ಮುಂದೆ ಒಂದು ಕ್ಯಾಮೆರಾ. ಕೊಳವೆಯ ಮೇಲೆ ಒಂದು ಚಿತ್ರ ಮೂಡುತ್ತದೆ, ಕ್ಯಾಮೆರಾ ಒಂದು ಫ್ರೇಮ್ ಹಿಡಿಯುತ್ತದೆ. ಮುಂದಿನ ಚಿತ್ರ, ಮುಂದಿನ ಫ್ರೇಮ್. ಆಮೇಲೆ ರೀಲು ತೊಳೆಯಲು ಹೋಗುತ್ತದೆ. ತೊಳೆದು ಬಂದ ಮೇಲೆಯೇ ತಾನು ಬಿಡಿಸಿದ್ದು ಏನು ಅಂತ ಕಾಣುವುದು. ಅದೂ ಕಪ್ಪು ಬಿಳುಪಿನಲ್ಲಿ. ಬಣ್ಣ ಬೇಕಾದರೆ ಆ ಫಿಲ್ಮನ್ನು ಮತ್ತೆ ಆಪ್ಟಿಕಲ್ ಪ್ರಿಂಟರ್‌ನಲ್ಲಿ ಹಾಕಿ, ಬಣ್ಣದ ಫಿಲ್ಟರ್ ಇಟ್ಟು ಇನ್ನೊಂದು ಪ್ರತಿ ತೆಗೆಯಬೇಕು.

ಗೆರೆ ಪೂರ್ತಿ ಮನಸ್ಸಿನಲ್ಲಿ ಎಳೆದಾಗಿರಬೇಕು ಅನ್ನುವ ಜಪಾನಿನ ಪಾಠ ನೆನಪಿದೆಯಲ್ಲ? ನಾನು ಒಂದು ಗೆರೆ ಎಳೆದು ಸರಿಯಿಲ್ಲ ಅನ್ನಿಸಿದರೆ ಕಂಟ್ರೋಲ್ ಝಡ್ ಒತ್ತುತ್ತೇನೆ. ದಿನಕ್ಕೆ ಎಷ್ಟು ಸಲ ಒತ್ತುತ್ತೇನೋ, ಆ ಎರಡು ಕೀಲಿಗಳ ಮೇಲಿನ ಅಕ್ಷರ ಅಳಿಸಿಹೋಗಿದೆ. ಅವರಿಗೆ ಹಾಗೆ ಒತ್ತಲು ಏನೂ ಇರಲಿಲ್ಲ.

‘ಪಿಕ್ಸಿಲೇಷನ್’ ಹುಟ್ಟಿದ್ದು ಹೀಗೆ. 4 ನಿಮಿಷ ಅಂದರೆ 5,760 ಫ್ರೇಮ್. ಕಂಪ್ಯೂಟರ್‌ನಿಂದ ಬಂದ ಕಪ್ಪು ಬಿಳುಪಿನ ಚೌಕಗಳಷ್ಟನ್ನೇ ನಂಬಿಕೊಂಡು ಅಷ್ಟು ತುಂಬಿಸುವುದು ಅವರಿಗೆ ಬೇಕಿರಲಿಲ್ಲ. ಅದಕ್ಕೆ ಬಣ್ಣ ತಂದು ಕೈಯಿಂದ ಫ್ರೇಮ್ ಫ್ರೇಮ್ ಬಿಡಿಸಿದರು. ಹರಳು ಬೆಳೆಯುವುದನ್ನು ಚಿತ್ರೀಕರಿಸಿ ಸೇರಿಸಿದರು. ಮಷೀನು ಕೊಡದ್ದನ್ನು ಕೈ ಕೊಟ್ಟಿತು. ಕೈಗೆ ಆಗದ ಆ ಪಟಪಟ ಓಟವನ್ನು ಮಷೀನು ಕೊಟ್ಟಿತು. ಮುಂದಿನ ಚಿತ್ರಗಳಲ್ಲಿ ಕಂಪ್ಯೂಟರ್ ಅವರ ಕೈಗೆ ಇನ್ನೂ ಚೆನ್ನಾಗಿ ಒಗ್ಗಿತು. ನೋಲ್ಟನ್ ಆ ಹೊತ್ತಿಗೆ ಎಕ್ಸ್‌ಪ್ಲೋರ್ ಅನ್ನುವ ಹೊಸ ಭಾಷೆಯನ್ನೂ ಬರೆದಿದ್ದರು. ಆದರೂ ನನಗೆ ಈ ಮೊದಲ ತೇಪೆ ಚಿತ್ರವೇ ಮೇಲು.

1971ರ ‘ಒಲಿಂಪಿಯಾಡ್’ ನನ್ನ ಕಸುಬಿಗೆ ತೀರಾ ಹತ್ತಿರದ್ದು. 19ನೇ ಶತಮಾನದಲ್ಲಿ ಎಡ್ವರ್ಡ್ ಮೈಬ್ರಿಜ್ ತೆಗೆದ ಓಡುವ ಮನುಷ್ಯನ ಸರಣಿ ಫೋಟೋಗಳನ್ನು ಆಧಾರ ಮಾಡಿಕೊಂಡು, ಚೌಕಗಳಿಂದ ಕಟ್ಟಿದ ಓಟಗಾರನನ್ನು ಓಡಿಸಿದ್ದಾರೆ. ನಾನು ದಿನಾ ಕತ್ತರಿಸುವ ಮನುಷ್ಯರಂತೆಯೇ ಅವನಿಗೂ ಮುಖ ಇಲ್ಲ, ಬರೀ ಆಕಾರ. 1972ರ ‘ಎನಿಗ್ಮಾ’ ಬೇರೆಯೇ ಆಟ. ಕಪ್ಪು ಬಿಳುಪು ಆಯತಗಳು ಎಷ್ಟು ಬೇಗ ಬೇಗ ಬದಲಾಗುತ್ತವೆ ಅಂದರೆ, ಇಲ್ಲದ ಬಣ್ಣ ಕಣ್ಣಿಗೆ ಕಾಣತೊಡಗುತ್ತದೆ. ಆಮೇಲೆ ನಿಜವಾದ ಬಣ್ಣ ಬರುತ್ತದೆ. ಎಲ್ಲಿಯವರೆಗೆ ಕಣ್ಣು ಸುಳ್ಳು ಹೇಳುತ್ತಿತ್ತು, ಎಲ್ಲಿಂದ ಫಿಲ್ಮು ನಿಜ ಹೇಳಿತು ಅಂತ ನನಗಂತೂ ಹಿಡಿಯಲಾಗಲಿಲ್ಲ. ಫೋನಿನಲ್ಲಿ ನೋಡಬೇಡಿ, ತಲೆನೋವು ಬರುತ್ತದೆ. ಮಿಣುಕುವ ಬೆಳಕು ಆಗದವರು ಎಲ್ಲಿಯೂ ನೋಡಬೇಡಿ. ಅದೇ ವರ್ಷದ ‘ಅಪೊಥಿಯೋಸಿಸ್’ ಅನ್ನುವುದಕ್ಕೆ ಮೂಲ, ಕ್ಯಾನ್ಸರಿಗೆ ವಿಕಿರಣ ಚಿಕಿತ್ಸೆ ಕೊಡುವಾಗಿನ ಚಿತ್ರಗಳು. ಆ ಕಾಲದ ಕೆಲವು ಚಿತ್ರಗಳಿಗೆ ಜಾನ್ ವೊಲ್ಲಾರೋ ಅನ್ನುವ ಎಂಜಿನಿಯರ್ ಜೊತೆಗಿದ್ದರು. ‘ಮ್ಯುಟೇಷನ್ಸ್’ ಚಿತ್ರದ ಸಂಗೀತ ಜಾನ್ ಕ್ಲೋದ್ ರಿಸೆ ಅವರದು. ಅದೂ ಬೆಲ್ ಲ್ಯಾಬ್ಸ್‌ನ ಕಂಪ್ಯೂಟರಿನಲ್ಲೇ ಹುಟ್ಟಿದ ಸಂಗೀತ.

ಇಷ್ಟು ಹೆಸರು ಬಂದಾಗ ನನ್ನೊಳಗೆ ಒಂದು ಮುಳ್ಳು ಆಡುತ್ತದೆ. ಈ ಚಿತ್ರಗಳು ಯಾರವು?

‘ಪಿಕ್ಸಿಲೇಷನ್’ ಕೆಳಗೆ ಕೆಲವು ಕಡೆ ಲಿಲಿಯನ್ ಹೆಸರು ಮಾತ್ರ ಇರುತ್ತದೆ. ಕೆಲವು ಕಡೆ ನೋಲ್ಟನ್ ಹೆಸರೂ ಇರುತ್ತದೆ. ಭಾಷೆ ಬರೆದವರು ಅವರು. ಆದರೆ ನೋಡಿ, ಬೇರೆಯವರ ಹತ್ತಿರವೂ ಅದೇ ಭಾಷೆ ಇತ್ತು, ಅದೇ ಯಂತ್ರ ಇತ್ತು. ಯಾರೂ ಈ ಚಿತ್ರ ಮಾಡಲಿಲ್ಲ. ಇತ್ತ, ಕಲಾವಿದರು ಸುಮಾರು ಜನ ಇದ್ದರು, ಅವರ ಹತ್ತಿರ ನೋಲ್ಟನ್ ಇರಲಿಲ್ಲ. ಲಿಲಿಯನ್ ಪಕ್ಷ ವಹಿಸಿ ಓದಲು ಕೂತವಳು ನಾನು. ಈ ಜಾಗಕ್ಕೆ ಬಂದಾಗ ಮಾತ್ರ ನೋಲ್ಟನ್ ಕಡೆ ವಾಲುತ್ತೇನೆ. ಅದಕ್ಕೆ ಕಾರಣ ಇದೆ.

ಕೆಲವು ವರ್ಷದ ಹಿಂದೆ ಒಂದು ದೊಡ್ಡ ಚಿತ್ರಕ್ಕೆ 4 ತಿಂಗಳು ಕೆಲಸ ಮಾಡಿದೆವು. ಕೊನೆಯ ತಿಂಗಳು ಭಾನುವಾರವೂ ಇಲ್ಲ. ಚಿತ್ರ ಬಿಡುಗಡೆಯಾಯಿತು. ಅಮ್ಮ, ಅಣ್ಣ, ಅತ್ತಿಗೆ ಎಲ್ಲರನ್ನೂ ಕರೆದುಕೊಂಡು ಹೋದೆ. ಮುಗಿದ ಮೇಲೆ ಯಾರೂ ಏಳಬೇಡಿ ಅಂತ ಕೂರಿಸಿದೆ. ಹೆಸರುಗಳು ಓಡಿದವು. ಊಟ ಕೊಟ್ಟವರ ಹೆಸರಿತ್ತು, ವ್ಯಾನ್ ಓಡಿಸಿದವರ ಹೆಸರಿತ್ತು, ಇರಲೇಬೇಕು. ನಮ್ಮ ಸ್ಟುಡಿಯೋ ಹೆಸರು ಒಂದು ಸಾಲು ಬಂದು ಹೋಯಿತು. ಅದರ ಕೆಳಗೆ ನಮ್ಮ 60 ಜನರಲ್ಲಿ ಒಬ್ಬರದೂ ಇಲ್ಲ. ಥಿಯೇಟರಿನವರು ಕಸ ಗುಡಿಸಲು ಬಂದರು. ಅಣ್ಣ, ‘ಬೇಗ ಓಡಿತು ಅನ್ಸುತ್ತೆ ಕಣೇ, ನಮಗೆ ಕಾಣಲಿಲ್ಲ’ ಅಂದ. ಪಾಪ.

ಹಾಗಾಗಿ ನೋಲ್ಟನ್ ಹೆಸರು ಎಲ್ಲಿ ಬಿಟ್ಟುಹೋಗಿದ್ದರೂ ನನಗೆ ಕಸಿವಿಸಿ. ಹಾಗೆಯೇ, 30 ವರ್ಷ ಒಂದು ಸಂಸ್ಥೆಯೊಳಗೆ ಓಡಾಡಿ, ಅದರ ಗೋಡೆಯ ಮೇಲೆ ಹೇಳಿಕೊಳ್ಳುವಂಥ ಹುದ್ದೆಯಿಲ್ಲದ ಹೆಂಗಸನ್ನು ನೆನೆದರೂ ಕಸಿವಿಸಿ. ಎರಡೂ ಒಟ್ಟಿಗೇ ಆಗುತ್ತದೆ. ಇದನ್ನು ಬಿಡಿಸಿ ಹೇಳಲು ನನಗೆ ಬರುವುದಿಲ್ಲ.

ಮಿಕ್ಕಿದ್ದನ್ನು ಬೇಗ ಹೇಳಿಬಿಡುತ್ತೇನೆ. 1984ರಲ್ಲಿ ಮ್ಯೂಸಿಯಂ ಆಫ್ ಮಾಡರ್ನ್ ಆರ್ಟ್ ತನ್ನ ಕಟ್ಟಡವನ್ನು ದೊಡ್ಡದು ಮಾಡಿ ಮತ್ತೆ ತೆರೆದಾಗ, ಅದರ ಟೀವಿ ಪ್ರಚಾರದ ತುಣುಕನ್ನು ಲಿಲಿಯನ್ ಕಂಪ್ಯೂಟರಿನಲ್ಲಿ ಮಾಡಿಕೊಟ್ಟರು. ಅದಕ್ಕೆ ಎಮ್ಮಿ ಪ್ರಶಸ್ತಿ ಬಂತು. ಆದರೆ ಜನಕ್ಕೆ ಅವರ ಹೆಸರು ಮುಟ್ಟಿದ್ದು ಇನ್ನೊಂದು ಕಾರಣಕ್ಕೆ. 1987ರಲ್ಲಿ ಅವರು ಮೋನಾಲಿಸಾಳ ಅರ್ಧ ಮುಖದ ಪಕ್ಕ, ಲಿಯೊನಾರ್ಡೊ ಡ ವಿಂಚಿ ತನ್ನದೇ ಮುಖ ಬಿಡಿಸಿದ್ದು ಅಂತ ಹೇಳುವ ಕೆಂಪು ಸೀಮೆಸುಣ್ಣದ ಚಿತ್ರದ ಅರ್ಧವನ್ನು ಕಂಪ್ಯೂಟರಿನಲ್ಲಿ ಜೋಡಿಸಿದರು. ಮೂಗು, ಬಾಯಿ, ಕಣ್ಣಿನ ಸಾಲು ಹೊಂದುತ್ತವೆ, ಆದ್ದರಿಂದ ಮೋನಾಲಿಸಾ ಅಂದರೆ ಲಿಯೊನಾರ್ಡೊನೇ ಅನ್ನುವುದು ಅವರ ವಾದ. ಪೇಪರಿನವರಿಗೆ ಹಬ್ಬ. ಕಲಾ ಇತಿಹಾಸಕಾರರು ಹೆಚ್ಚಿನವರು ಒಪ್ಪಲಿಲ್ಲ. ನಾನೂ ಒಪ್ಪುವುದಿಲ್ಲ. ಮುಖಗಳನ್ನು ಅಳತೆ ಸರಿಮಾಡಿ ಪಕ್ಕಪಕ್ಕ ಇಡುವುದೇ ನಮ್ಮ ಕೆಲಸ. ಅಳತೆ ಸರಿಮಾಡುವ ಸ್ವಾತಂತ್ರ್ಯ ಕೊಟ್ಟರೆ ನಮ್ಮ ಬೀದಿಯ ಹಾಲಿನವನನ್ನೂ ಮೋನಾಲಿಸಾ ಮಾಡಿಕೊಡುತ್ತೇನೆ. ಸಾಲದ್ದಕ್ಕೆ, ಆ ಕೆಂಪು ಚಿತ್ರದಲ್ಲಿರುವ ಮುದುಕ ಲಿಯೊನಾರ್ಡೊ ಹೌದೋ ಅಲ್ಲವೋ ಅನ್ನುವ ಜಗಳವೇ ಇನ್ನೂ ಮುಗಿದಿಲ್ಲ.

ಇಲ್ಲಿ ನನಗೆ ಬೇಸರ ಅನ್ನಿಸುವುದು ವಾದ ಸೋತಿತು ಅಂತಲ್ಲ. ‘ಪಿಕ್ಸಿಲೇಷನ್’ನಲ್ಲಿ ಎರಡು ಬೇರೆ ಬೇರೆ ವಸ್ತುಗಳನ್ನು ಬೇರೆಯಾಗಿಯೇ ಪಕ್ಕಪಕ್ಕ ಇಟ್ಟವರು, ಇಲ್ಲಿ ಎರಡನ್ನೂ ಒಂದೇ ಅಂತ ಸಾಧಿಸಲು ಹೋದರು. ಆದರೆ ಚಿತ್ರ ಅಂತ ನೋಡಿದರೆ, ಆ ಜೋಡುಮುಖ ಚೆನ್ನಾಗಿದೆ. ಒಂದು ಕಡೆ ನಗು, ಇನ್ನೊಂದು ಕಡೆ ಗಡ್ಡ, ಮಧ್ಯೆ ನೇರ ಗೆರೆ. ಅದನ್ನೂ ಅವರು ಮುಚ್ಚಲಿಲ್ಲ ಅನ್ನಿ.

ಅವರ ಕೆಲಸಕ್ಕೆ ಪೂರ್ತಿ ಬೆಲೆ ಸಿಕ್ಕಿದ್ದು ತೀರಾ ಕೊನೆಗೆ. ಆ ಹೊತ್ತಿಗೆ ಅವರ ಕಣ್ಣಿನ ದೃಷ್ಟಿ ಹೆಚ್ಚುಕಡಿಮೆ ಹೋಗಿತ್ತು. ರೀಲು, ಟಿಪ್ಪಣಿ, ಕಾಗದಪತ್ರ ಎಲ್ಲ 2021ರಲ್ಲಿ ಮಿಷಿಗನ್‌ನ ದಿ ಹೆನ್ರಿ ಫೋರ್ಡ್ ಮ್ಯೂಸಿಯಂ ಸೇರಿದವು. ಕಾರು, ಎಂಜಿನ್ನು ನೋಡಲು ಜನ ಹೋಗುವ ಜಾಗ. 2022ರಲ್ಲಿ ನೋಲ್ಟನ್ ತೀರಿಕೊಂಡರು. 2024ರ ಅಕ್ಟೋಬರ್‌ನಲ್ಲಿ ಲಿಲಿಯನ್, 97ರ ವಯಸ್ಸಿನಲ್ಲಿ, ಮ್ಯಾನ್‌ಹ್ಯಾಟನ್‌ನಲ್ಲಿ.

ನಮ್ಮ ಸ್ಟುಡಿಯೋಗೆ ಕಳೆದ ವರ್ಷ ಹೊಸ ಟೂಲ್ ಬಂದಿದೆ. ಹೀರೋನನ್ನು ತಾನೇ ಗುರುತು ಹಿಡಿದು, ತಾನೇ ಕತ್ತರಿಸುತ್ತದೆ. 120 ಫ್ರೇಮ್, ಒಂದು ಟೀ ಕುಡಿಯುವಷ್ಟರಲ್ಲಿ. ಮೊದಲ ವಾರ ಎಲ್ಲರ ಮುಖ ಬಿಳುಚಿಕೊಂಡಿತ್ತು. ಈಗ ಸ್ವಲ್ಪ ಹೊಂದಿಕೊಂಡಿದ್ದೇವೆ. ಅದಕ್ಕೆ ಕೂದಲು ಸರಿಯಾಗಿ ಬರುವುದಿಲ್ಲ. ಕೈಬೆರಳುಗಳ ಸಂದು ಬರುವುದಿಲ್ಲ. ಸೀರೆ ಸೆರಗು ಅಂತೂ ಅದಕ್ಕೆ ಅರ್ಥವೇ ಆಗುವುದಿಲ್ಲ, ಸೆರಗನ್ನು ಗೋಡೆ ಅಂತ ತಿಳಿದು ಬಿಟ್ಟುಬಿಡುತ್ತದೆ. ಆ ಜಾಗಗಳನ್ನು ನಾವು ಕೈಯಲ್ಲಿ ತುಂಬುತ್ತೇವೆ. ಆದರೆ ತುಂಬಿದ್ದು ಗೊತ್ತಾಗಬಾರದು, ನಿಯಮ ಹಳೆಯದೇ. ಎಷ್ಟು ದಿನ ಹೀಗೆ ತುಂಬುವುದಕ್ಕೆ ಉಳಿದಿರುತ್ತದೋ ಗೊತ್ತಿಲ್ಲ. ಲೀಡ್‌ಗೂ ಗೊತ್ತಿಲ್ಲ.

ಹೋದ ತಿಂಗಳು ಊರಿಗೆ ಹೋಗಿದ್ದಾಗ, ಬೆಳಿಗ್ಗೆ ಅಮ್ಮ ಬಾಗಿಲಿಗೆ ರಂಗೋಲಿ ಹಾಕಿ ಒಳಗೆ ಬಂದರು. ಕೈಯಲ್ಲಿ ಇನ್ನೂ ಪುಡಿ ಇತ್ತು. ನಾನು ಲ್ಯಾಪ್‌ಟಾಪಿನಲ್ಲಿ ‘ಪಿಕ್ಸಿಲೇಷನ್’ ಹಾಕಿಕೊಂಡು, ಒಂದೊಂದೇ ಫ್ರೇಮ್ ಮುಂದೆ ತಳ್ಳುತ್ತಾ ಕೂತಿದ್ದೆ. ಚೌಕಗಳು ನಿಂತು ಬಣ್ಣ ಶುರುವಾಗುವ ಜಾಗ ಹುಡುಕುತ್ತಿದ್ದೆ.

‘ಏನೇ ಅದು?’

‘ಸಿನಿಮಾ ಅಮ್ಮ. 50 ವರ್ಷದ ಹಿಂದಿನದು. ಒಬ್ಬ ಹೆಂಗಸು ಕಂಪ್ಯೂಟರ್‌ನಲ್ಲಿ ಮಾಡಿದ್ದು.’

ಕನ್ನಡಕ ಹಾಕಿಕೊಂಡು ಬಗ್ಗಿ ನೋಡಿದರು. ಚೌಕ ತೋರಿಸಿದೆ, ಬಣ್ಣ ತೋರಿಸಿದೆ, ಹರಳು ತೋರಿಸಿದೆ. ಸುಮ್ನೆ ನೋಡಿದರು. ನೋಲ್ಟನ್ ಕಥೆ ಹೇಳಿದೆ, ಆ ಚೌಕಗಳ ಜಾಲದ ಕಥೆ ಹೇಳಿದೆ.

‘ಎಷ್ಟು ಚುಕ್ಕಿ?’

‘252.’

‘ಎಷ್ಟು ಸಾಲು?’

‘184.’

ಬಾಗಿಲ ಕಡೆ ತಿರುಗಿ ಒಂದು ಸಲ ಅಳೆದರು, ಕಣ್ಣಲ್ಲೇ.

‘ನಮ್ಮ ಅಂಗಳ ಸಾಲಲ್ಲ’ ಅಂದು ಕೈ ತೊಳೆಯಲು ಹೋದರು.